ಅಮೀನರ ಬೈಕು ತಿರುಗುವವರೆಗೆ ಮಾತ್ರ ಕೋರ್ಟ್ ಆದೇಶ

ಸಂಪಾದಕರೇ,

ಪಕ್ಕದ ಮನೆಯವರು ನಮ್ಮ ಓಣಿಯ ದಾರಿಗೆ ಗೇಟು, ಕುಂಡ ಅಡ್ಡ ಇಟ್ಟ ತಕರಾರು ಕೋರ್ಟ್ ಆದೇಶದಿಂದ ಬಗೆಹರಿಯಿತು ಎಂಬ ನಿಮ್ಮ ಇವತ್ತಿನ ವರದಿ ಓದಿದೆ. ಪೇಪರ್ ಹುಡುಗ ಬೀಗ ಹಾಕಿದ ಗೇಟಿನ ಮೇಲಿಂದ ಎಸೆದು ಹೋಗಿದ್ದ. ‘ಎರಡೂ ಮನೆಯವರು ಸಹಕರಿಸಿದರು’ ಅಂತೆಲ್ಲ ಬರೆದಿದ್ದೀರಿ, ಸಂತೋಷ. ಫೋಟೊ ಕೂಡ ಚೆನ್ನಾಗಿ ಬಂದಿದೆ. ನಿಮ್ಮ ವರದಿಗಾರರು ಸ್ವಲ್ಪ ಹೊತ್ತು ನಿಂತಿದ್ದರೆ ಅದರ ಮುಂದಿನ ಫೋಟೊವೂ ಸಿಗುತ್ತಿತ್ತು.

ಕೋರ್ಟ್ ಆದೇಶ ಜಾರಿ ಮಾಡುವ ಅಮೀನರು ಬರುವ ಸುದ್ದಿ ಪಕ್ಕದ ಮನೆಗೆ ನಮಗಿಂತ ಮೊದಲೇ ತಲುಪಿತ್ತು. (ಹೇಗೆ ಅಂತ ಕೇಳಬೇಡಿ.) ಅವರು ಬರುವಷ್ಟರಲ್ಲಿ ದಾರಿಗೆ ಅಡ್ಡ ಇಟ್ಟಿದ್ದ ಸಿಮೆಂಟ್ ಹೂಕುಂಡಗಳೆಲ್ಲ ಒಳಗೆ ಹೋಗಿದ್ದವು, ಗೇಟು ಹಾರು ಹೊಡೆದಿತ್ತು. ಕುಂಡ ಇದ್ದ ಜಾಗದಲ್ಲಿ ಒದ್ದೆ ಉಂಗುರಗಳು ಇನ್ನೂ ಆರಿರಲಿಲ್ಲ. ಬೆರಳು ಮಾಡಿ ತೋರಿಸಿದೆ. ‘ಈಗ ಅಡ್ಡಿ ಇಲ್ವಲ್ಲ ಸಾರ್’ ಎಂದರು ಅಮೀನರು. ದಾರಿ ತೆರವಾಗಿದೆ ಅಂತ ಬರೆದುಕೊಂಡರು, ಸಾಕ್ಷಿಗಳ ಸಹಿ ಹಾಕಿಸಿಕೊಂಡರು, ಬೈಕ್ ಹತ್ತಿದರು. ಬೈಕು ತಿರುವು ದಾಟಿದ್ದೇ ತಡ, ಕುಂಡಗಳು ಹೊರಗೆ ಬಂದವು. ಒಂದೊಂದೂ ತನ್ನ ತನ್ನ ಉಂಗುರದ ಮೇಲೇ ಕೂತಿತು. ಗೇಟಿಗೆ ಈ ಸಲ ಹೊಸ ಬೀಗ ಬೇರೆ.

ನಮ್ಮ ಮನೆಗೆ ಇರುವುದು ಇದೊಂದೇ ದಾರಿ. ಗ್ಯಾಸ್ ಸಿಲಿಂಡರ್ ಕಾಂಪೌಂಡ್ ಮೇಲಿಂದ ಇಳಿಯುತ್ತದೆ. ಮಂಡಿನೋವಿನ ಅಮ್ಮ ಹಿಂದಿನ ಮನೆಯವರ ಹಿತ್ತಲು ಬಳಸಿ ಆಸ್ಪತ್ರೆಗೆ ಹೋಗಬೇಕು. ಆ ಪುಣ್ಯಾತ್ಮರ ಮುಖವೂ ಈಚೆಗೆ ಗಂಟಿಕ್ಕುತ್ತಿದೆ, ಅವರನ್ನು ಅಂದು ಏನು ಪ್ರಯೋಜನ? ಸ್ಕೂಟರ್ ರಾತ್ರಿಯೆಲ್ಲ ರಸ್ತೆಯಲ್ಲಿ. ಕೊರಿಯರ್‌ನವರು ‘ಬಾಗಿಲು ಹಾಕಿತ್ತು’ ಅಂತ ಬರೆದು ವಾಪಸ್ ಒಯ್ಯುತ್ತಾರೆ. ಅವರು ಬರೆದದ್ದೊಂದೇ ನಿಜ.

ಠಾಣೆಗೆ ಹೋದೆ. ‘ಇದು ಸಿವಿಲ್ ಮ್ಯಾಟರ್, ಕೋರ್ಟಿಗೆ ಹೋಗಿ’ ಎಂದರು. ‘ಕೋರ್ಟಿಂದಲೇ ಆದೇಶ ತಂದಿದ್ದೀನಿ ಸಾರ್’ ಎಂದೆ. ‘ಹಾಗಾದ್ರೆ ಇನ್ನೊಂದು ಸಲ ಹೋಗಿ.’ ನಿನ್ನೆ ಗೇಟಿನ ಪಕ್ಕ ನಿಂತು ಫೋಟೊಕ್ಕೆ ಮುಖ ಕೊಟ್ಟ ಸಾಹೇಬರೇ ಹೀಗಂದದ್ದು.

ಕಾನೂನಿನಲ್ಲಿ ಏನೂ ಕೊರತೆಯಿಲ್ಲ ಸ್ವಾಮಿ. ಸಿವಿಲ್ ಪ್ರೊಸೀಜರ್ ಕೋಡ್‌ನ 21ನೇ ಆರ್ಡರ್, 32ನೇ ರೂಲ್ ಈಗ ನನಗೆ ಬಾಯಿಪಾಠ. ಡಿಕ್ರಿಯನ್ನು, ಅಂದರೆ ಕೋರ್ಟಿನ ತೀರ್ಪಿನ ಆದೇಶವನ್ನು, ಬೇಕಂತಲೇ ಮುರಿದವರ ಆಸ್ತಿ ಜಪ್ತಿ ಮಾಡಬಹುದು, ಸಿವಿಲ್ ಜೈಲಿಗೆ ಕಳಿಸಬಹುದು. ಅಡ್ಡಿಯನ್ನು ಕೋರ್ಟೇ ತೆಗೆಸಿ ಖರ್ಚನ್ನು ಅವರಿಂದ ವಸೂಲಿ ಮಾಡಬಹುದು. ಎಲ್ಲವೂ ‘ಬಹುದು’. ಆದರೆ ಅವರು ಬೇಕಂತಲೇ ಮುರಿದರು ಅಂತ ನಾವು ತೋರಿಸಬೇಕು. ಕುಂಡ ತಾನಾಗಿ ನಡೆದು ಬಂದಿರಬಹುದಲ್ವಾ? ಶಾಶ್ವತ ತಡೆಯಾಜ್ಞೆಯ ಜಾರಿಗೆ ಅರ್ಜಿ ಹಾಕಲು ಕಾಲಮಿತಿಯೇ ಇಲ್ಲವಂತೆ. ಇದೊಂದನ್ನು ಮಾತ್ರ ಎಲ್ಲರೂ ಶ್ರದ್ಧೆಯಿಂದ ಪಾಲಿಸುತ್ತಿದ್ದಾರೆ.

1882ರ ಈಸ್‌ಮೆಂಟ್ ಕಾಯ್ದೆ (ಬೇರೆಯವರ ಜಾಗದಲ್ಲಿ ಓಡಾಡುವಂಥ ಹಕ್ಕಿನ ಕಾಯ್ದೆ) ಪ್ರಕಾರ 20 ವರ್ಷ ಅಡೆತಡೆ ಇಲ್ಲದೆ ಓಡಾಡಿದ್ದನ್ನು ಸಾಬೀತು ಮಾಡಿಯೇ ನಾವು ಗೆದ್ದದ್ದು. ಗೆದ್ದ ಮೇಲೆ ಓಡಾಟವೇ ನಿಂತಿದೆ. ಡಿಕ್ರಿ ಸಿಕ್ಕ ಮೇಲೇ ಕಷ್ಟ ಶುರು ಅಂತ ಬ್ರಿಟಿಷರ ಕಾಲದ ಕೊನೆಯ ಮೇಲ್ಮನವಿ ಕೋರ್ಟಾದ ಪ್ರಿವಿ ಕೌನ್ಸಿಲ್ 1872ರಲ್ಲೇ ಹೇಳಿತ್ತಂತೆ. ಅಮಲ್ಜಾರಿ ಅರ್ಜಿಗಳನ್ನು (ಡಿಕ್ರಿ ಜಾರಿ ಮಾಡಿಸಿ ಎಂಬ ಅರ್ಜಿಗಳನ್ನು) 6 ತಿಂಗಳಲ್ಲಿ ಮುಗಿಸಿ ಅಂತ ಸುಪ್ರೀಂ ಕೋರ್ಟ್ 2021ರಲ್ಲಿ ಹೇಳಿತು, 2025ರಲ್ಲಿ ಮತ್ತೆ ಹೇಳಿ ಲೆಕ್ಕ ಕೇಳಿತು. ದೇಶದಲ್ಲಿ 8.8 ಲಕ್ಷಕ್ಕೂ ಜಾಸ್ತಿ ಬಾಕಿ ಅಂತ ಗೊತ್ತಾಯಿತು. ಅಷ್ಟು ಜನ ನನ್ನ ಹಾಗೆ ಗೆದ್ದು ಕೂತಿದ್ದಾರೆ. ಆಗ ಲೆಕ್ಕ ಕೊಡದೆ ಉಳಿದದ್ದು ನಮ್ಮ ಕರ್ನಾಟಕದ ಹೈಕೋರ್ಟ್! ನಮ್ಮ ವಾಯಿದೆ ಏನಿದ್ದರೂ ಮುಂದಿನ ತಿಂಗಳು, ಅದರ ಮುಂದಿನ ತಿಂಗಳು.

ಕೋರ್ಟಿನವರನ್ನೇ ಯಾಕೆ ಅನ್ನಲಿ? ಇದೇ ಓಣಿ ಅಳೆಯಲು ಬಂದ ಸರ್ವೆಯರ್ ಟೇಪಿನ ಒಂದು ತುದಿಯನ್ನು ನನ್ನ ಕೈಗೆ ಕೊಟ್ಟು, ಇನ್ನೊಂದು ತುದಿ ಹಿಡಿದು ಪಕ್ಕದ ಮನೆಯ ವರಾಂಡಕ್ಕೆ ಹೋದವರು ಎಷ್ಟೋ ಹೊತ್ತು ಹೊರಗೇ ಬರಲಿಲ್ಲ. ನಾನು ಟೇಪ್ ಹಿಡಿದು ಸುಮ್ನೆ ನಿಂತಿದ್ದೆ. ಆಮೇಲೆ ಬಂದ ನಕಾಶೆಯಲ್ಲಿ ಓಣಿ ಇದೆ, ಅಗಲ ಬರೆದಿಲ್ಲ. ಬೀದಿದೀಪದವರ ಕಥೆಯೂ ಇದೇ. ದೂರು ಕೊಟ್ಟರೆ ಬಲ್ಬ್ ಹಾಕಿ ಫೋಟೊ ತೆಗೆಯುತ್ತಾರೆ, ‘ಪರಿಹರಿಸಲಾಗಿದೆ’ ಅಂತ ಮೆಸೇಜ್ ಬರುತ್ತದೆ, ರಾತ್ರಿ ನೋಡಿದರೆ ಕತ್ತಲೆ. ಚರಂಡಿಯ ಒಡೆದ ಚಪ್ಪಡಿಯ ವಿಷಯ ನಾನು ಎತ್ತುವುದಿಲ್ಲ, ಅದಕ್ಕೆ ಇನ್ನೊಂದು ಪತ್ರ ಬೇಕು.

ಸಂಬಂಧಪಟ್ಟವರು ಕೂಡಲೇ ಗೇಟಿನ ಬೀಗ ತೆಗೆಸಬೇಕು. ಆಗದಿದ್ದರೆ ಅಮೀನರನ್ನೇ ಓಣಿಯಲ್ಲಿ ಖಾಯಂ ಕೂರಿಸಲಿ, ಕುರ್ಚಿ ನಾವು ಕೊಡುತ್ತೇವೆ. ಪೊಲೀಸರಿಗೂ ಯಾರಾದರೂ ಬುದ್ಧಿ ಹೇಳಬೇಕು, ಸರ್ವೆಯವರನ್ನೂ ವಿಚಾರಿಸಬೇಕು. ಈ ‘ಸಂಬಂಧಪಟ್ಟವರು’ ಯಾರು ಅಂತ ಕೇಳಿದರೆ ಒಂದು ಕಚೇರಿ ಇನ್ನೊಂದು ಕಚೇರಿಯನ್ನು ತೋರಿಸುತ್ತದೆ. ಸಂಬಳ ತೆಗೆದುಕೊಳ್ಳುವಾಗ ಮಾತ್ರ ಎಲ್ಲರೂ ಸಂಬಂಧಪಟ್ಟವರೇ. ನಾಚಿಕೆಯಾಗಬೇಕು.

– ಗೇಟಿನ ಒಳಗಡೆಯ ಓದುಗ