ಇಲ್ಲದ ಸೀಮೆಯ ಬೀಸುವ ಪದಕ್ಕೆ ನಿಮ್ಮ ನೆರವು ಬೇಕು

ಆತ್ಮೀಯ ಪೋಷಕರೇ, ಹಳೆಯ ವಿದ್ಯಾರ್ಥಿಗಳೇ, ಬೀದರಿನ ಬಂಧುಗಳೇ,

ಪ್ರತಿ ವರ್ಷ ನಾವು ಕೊಠಡಿಗೋ ಕಾಂಪೌಂಡಿಗೋ ದೇಣಿಗೆ ಕೇಳುತ್ತೇವೆ. ಈ ಸಲ ಕೇಳುತ್ತಿರುವುದು ಒಂದು ಹಾಡಿಗೆ. ಅದೂ ಎಲ್ಲೂ ಇಲ್ಲದ ಒಂದು ಸೀಮೆಯ ಹಾಡಿಗೆ. ನಮ್ಮ ಟ್ರಸ್ಟಿನ ಸಭೆಯಲ್ಲೇ ಒಬ್ಬ ಹಿರಿಯರು, "ಸುಳ್ಳು ಊರಿನ ಪದಕ್ಕೆ ಖರೇ ರೊಕ್ಕ ಯಾಕ ಬೇಕು?" ಅಂತ ಕೇಳಿದರು. ನ್ಯಾಯವಾದ ಪ್ರಶ್ನೆ. ಅದಕ್ಕೆ ಉತ್ತರವೇ ಈ ಪತ್ರ.

ನಮ್ಮ ಬೀದರಿನ ನೌಬಾದಿನ ಸುರಂಗ ಬಾವಿ ನಿಮಗೆ ಗೊತ್ತೇ ಇದೆ. ಬಹಮನಿ ಸುಲ್ತಾನರ ಕಾಲದ್ದು. ಪರ್ಷಿಯಾದ ಕಡೆಯಿಂದ ಬಂದ ಈ ವಿದ್ಯೆಗೆ ಕರೇಜ್ ಅನ್ನುತ್ತಾರೆ. ನಮ್ಮ ಕೆಂಪು ಕಲ್ಲು ಮಳೆ ನೀರನ್ನು ಕುಡಿದು ಕೆಳಗೆ ಬಿಡುತ್ತದೆ. ಅದರಡಿ ಗಟ್ಟಿ ಬಂಡೆ ಸಿಕ್ಕಾಗ ನೀರು ಅಲ್ಲೇ ನಿಲ್ಲುತ್ತದೆ. ಆ ನೀರಿಗೆ ಸ್ವಲ್ಪವೇ ಇಳಿಜಾರಿನ ಸುರಂಗ ಕೊರೆದು ಊರಿಗೆ ತಂದರು. ಗಾಳಿ ಆಡಲು, ಹೂಳು ಎತ್ತಲು ಅಲ್ಲಲ್ಲಿ ಮೇಲಿನಿಂದ ಬಾವಿಗಳನ್ನು ತೋಡಿದರು. ಪಂಪು ಬೇಡ, ಏತ ಬೇಡ, ನೀರು ತಾನೇ ನಡೆದು ಬರುತ್ತದೆ.

ಏಳನೇ ತರಗತಿಯ ಮಕ್ಕಳು ಅದನ್ನು ನೋಡಿ ಬಂದ ಮೇಲೆ ಒಂದು ಸೀಮೆಯನ್ನೇ ಕಟ್ಟಿದರು. ಹೆಸರು ತಳಸೀಮೆ. ಅಲ್ಲಿ ನದಿ ನೆಲದೊಳಗೇ ಹರಿಯುತ್ತದೆ, ಕಣ್ಣಿಂದ ಯಾರೂ ಅದನ್ನು ಕಂಡಿಲ್ಲ. ನದಿಯ ಹೆಸರು ನೀರವ್ವ. ಅಲ್ಲಿಯ ಹೆಣ್ಣುಮಕ್ಕಳು ಬಾವಿಯ ಕಟ್ಟೆ ಮೇಲೆ ಕುಳಿತು ಜೋಳ ಬೀಸುತ್ತಾರೆ. ಒಂದು ಬಾವಿಯವಳು ಒಂದು ಪದ ಹಾಡಿ ಬಿಟ್ಟರೆ, ನೀರು ಅದನ್ನು ಮುಂದಿನ ಬಾವಿಗೆ ಒಯ್ಯುತ್ತದೆ. ಅಲ್ಲಿಯವಳು ಉತ್ತರ ಕೊಡಬೇಕು. ಒಬ್ಬಳೇ ಎರಡು ಪದ ಸೇರಿಸಿ ಹಾಡುವಂತಿಲ್ಲ, ಅದು ಆ ಸೀಮೆಯ ಕಾನೂನು! ಪ್ರತಿ ಬಾವಿಗೂ ಅದರದೇ ಭಾಷೆ. ನಮ್ಮ ಶಾಲೆಯಲ್ಲಿ ಕನ್ನಡ, ಮರಾಠಿ, ತೆಲುಗು, ದಖ್ಖನಿ ಉರ್ದು ಮನೆಗಳ ಮಕ್ಕಳಿದ್ದಾರಲ್ಲ, ಬೇರೆ ಹೇಗೆ ಆದೀತು?

ಇಲ್ಲಿಯವರೆಗೆ ಎಲ್ಲ ಆಟವೇ. ಹಾಡು ಕಟ್ಟಲು ಕುಳಿತಾಗ ಕಷ್ಟ ಶುರುವಾಯಿತು. ಮೊದಲು ಬರೆದದ್ದು ಥೇಟ್ ಸಿನಿಮಾ ಹಾಡು. ಒಬ್ಬ ಹುಡುಗಿಯ ಅಜ್ಜಿ ಕೇಳಿ, "ಇದು ಕಲ್ಲಿಗೆ ಕೂಡಂಗಿಲ್ಲ" ಅಂದುಬಿಟ್ಟರು. ಅವರೇ ಬೀಸುಕಲ್ಲಿನ ಮುಂದೆ ಕೂಡಿಸಿ ತೋರಿಸಿದರು. ಕಲ್ಲು ಸುತ್ತುವ ಲಯಕ್ಕೆ ಸಾಲು ಹೊಂದಬೇಕು. ಎರಡನೇ ಸಾಲನ್ನು ಮತ್ತೊಮ್ಮೆ ಎತ್ತಿಕೊಂಡು ಹಾಡಬೇಕು, ಅಷ್ಟರಲ್ಲಿ ಮೂರನೆಯದು ನಾಲಿಗೆಗೆ ಬರುತ್ತದೆ. ಪ್ರಾಸ ಸಾಲಿನ ಕೊನೆಗಲ್ಲ, ಮೊದಲಲ್ಲಿ, ಎರಡನೇ ಅಕ್ಷರಕ್ಕೆ. ತ್ರಿಪದಿಯ ಈ ಗುಟ್ಟು ಪಾಠಪುಸ್ತಕ ಓದಿ ಪರೀಕ್ಷೆ ಬರೆದವರಿಗೂ ಬಾಯಿಗೆ ಬಂದಿರುವುದಿಲ್ಲ. ಈಗ ಮಕ್ಕಳ ಪದ ಹೀಗಿದೆ:

ಕಣ್ಣೀಲಿ ಕಂಡವರು ಒಬ್ಬಾರು ಇಲ್ಲವ್ವ
ಮಣ್ಣೀನ ಒಳಗ ನಡದಾಳ | ನೀರವ್ವ
ಸಣ್ಣ ಗೆಜ್ಜೀಯ ಸಪ್ಪಾಳ

ಏಳನೇ ಬಾವೀಗಿ ಹೇಳೀನಿ ನನ ಮಾತು
ಕೇಳ್ಯಾಳು ಎಂಟನೆ ಬಾವ್ಯಾಕಿ | ನನ ಗೆಣತಿ
ನಾಳೀಗಿ ಮರಳಿ ಕಳಿಸ್ಯಾಳು

ಎಂಟನೇ ಬಾವಿಯವಳ ಉತ್ತರ ದಖ್ಖನಿಯಲ್ಲಿದೆ. ಅದನ್ನು ಕಾಗದದ ಮೇಲೆ ಓದಿದರೆ ರುಚಿ ಇಲ್ಲ, ಬಂದು ಕೇಳಿ.

ಜಾನಪದ ಸ್ಪರ್ಧೆಗಳಲ್ಲಿ ಪ್ರತಿ ವರ್ಷ ಅದೇ ನಾಲ್ಕೈದು ಹಾಡು ಕೇಳುತ್ತೇವೆ, ಅಲ್ವಾ? ಮೊಬೈಲಿನ ಟ್ರ್ಯಾಕ್ ಹಚ್ಚಿ, ತಲೆಗೆ ಪೇಟ ಸುತ್ತಿ, ಬಾಯಿ ಆಡಿಸಿದರೆ ಆಯಿತು. ಇದಕ್ಕೆ ಹಾಗೆ ಆಗಲಿಲ್ಲ. ಇಲ್ಲದ ಸೀಮೆಯ ಪದಕ್ಕೆ ಟ್ರ್ಯಾಕ್ ಎಲ್ಲಿ ಸಿಗಬೇಕು? ಅಜ್ಜಿಯರ ಬಳಿ ಹೋಗದೆ ದಾರಿಯೇ ಇರಲಿಲ್ಲ. ಹೋದವರು ಬೀಸುವ ಪದ, ಸೋಬಾನೆ ಪದ, ಮೊಹರಂ ಪದ ಎಲ್ಲ ಕಲಿತು ಬಂದರು. ಸಭೆಯಲ್ಲಿ ಕೇಳಿದ ಹಿರಿಯರಿಗೆ ನಾವು ಕೊಟ್ಟ ಉತ್ತರ ಇಷ್ಟೇ: ಊರು ಸುಳ್ಳು, ಕಲಿತದ್ದು ಖರೇ.

ಈ ಪದಗಳನ್ನು ಮಕ್ಕಳು ವೇದಿಕೆ ಮೇಲೆ ಹಾಡುವ ಕಾರ್ಯಕ್ರಮ ಮಾಡಬೇಕು, ರೆಕಾರ್ಡ್ ಮಾಡಬೇಕು, ಪುಸ್ತಕ ತರಬೇಕು. ಈಗ ಅದರ ಲೆಕ್ಕ. ಒಟ್ಟು 1,60,000 ರೂಪಾಯಿ ಬೇಕು. ಅದರಲ್ಲಿ 48,000 ರೂಪಾಯಿ ಹಾಡು ಕಲಿಸಿದ 12 ಅಜ್ಜಿಯರಿಗೆ, ತಲಾ 4,000ದಂತೆ. ಇದರಲ್ಲಿ ಚೌಕಾಸಿ ಇಲ್ಲ. ಶಾಲು ಹೊದಿಸಿ, ಹಾರ ಹಾಕಿ, ಫೋಟೋ ತೆಗೆದು ಕಳಿಸುವ ಪದ್ಧತಿ ನಮಗೆ ಸರಿ ಕಾಣುವುದಿಲ್ಲ. ರೆಕಾರ್ಡಿಂಗಿಗೆ ಇನ್ನೊಂದು 48,000. ಪದಗಳ ಜೊತೆಗೆ ಅಜ್ಜಿಯರ ಮೂಲ ಹಾಡುಗಳೂ ಇರುವ ಪುಸ್ತಕದ 500 ಪ್ರತಿಗೆ 35,000. ಉಳಿದ 29,000 ಮೈಕು, ಓಡಾಟ, ಊಟಕ್ಕೆ. ಶಿಕ್ಷಕರು ಮತ್ತು ಟ್ರಸ್ಟಿಗಳು ಸೇರಿ 40,000 ಕೊಟ್ಟಿದ್ದೇವೆ. ಇನ್ನು 1,20,000 ಆಗಬೇಕು.

ನೂರು ರೂಪಾಯಿಯಾದರೂ ಸರಿ. ಹೈದರಾಬಾದು, ಪುಣೆ, ಬೆಂಗಳೂರಿನಲ್ಲಿ ದುಡಿಯುತ್ತಿರುವ ಹಳೆಯ ವಿದ್ಯಾರ್ಥಿಗಳು ಒಬ್ಬೊಬ್ಬ ಅಜ್ಜಿಯ ಪಾಲು ಹೊತ್ತರೆ ನಮ್ಮ ಭಾರ ಬಹಳ ಇಳಿಯುತ್ತದೆ. ಹಣವನ್ನು ಶಾಲೆಯ ಕಚೇರಿಯಲ್ಲಿ ಕೊಟ್ಟು ರಸೀದಿ ತಗೊಳ್ಳಿ. ದೂರದವರು ಖಾತೆಯ ವಿವರವನ್ನು ಕಚೇರಿಯಿಂದಲೇ ಕೇಳಿ ಪಡೆಯಿರಿ. ನಮ್ಮ ಹೆಸರು ಹೇಳಿಕೊಂಡು ಮೊಬೈಲಿಗೆ ಬರುವ ಯಾವ ಲಿಂಕಿಗೂ ಹಣ ಹಾಕಬೇಡಿ. ಟ್ರಸ್ಟಿಗೆ ಆದಾಯ ತೆರಿಗೆಯ 80ಜಿ ಮಾನ್ಯತೆ ಇನ್ನೂ ಸಿಕ್ಕಿಲ್ಲ, ಹಾಗಾಗಿ ತೆರಿಗೆ ರಿಯಾಯಿತಿ ಇರುವುದಿಲ್ಲ. ಖರ್ಚಿನ ಪಟ್ಟಿಯನ್ನು ಕಾರ್ಯಕ್ರಮ ಮುಗಿದ ಮೇಲೆ ಶಾಲೆಯ ನೋಟಿಸ್ ಬೋರ್ಡಿಗೆ ಹಚ್ಚುತ್ತೇವೆ. ಕಾರ್ಯಕ್ರಮದ ದಿನ ಜೋಳದ ರೊಟ್ಟಿ, ಪುಂಡಿಪಲ್ಯದ ಊಟ ಇದೆ. ದೇಣಿಗೆ ಕೊಡದವರೂ ಬರಬಹುದು.

ಹಣ ಕೊಡಲು ಆಗದವರ ಮನೆ ಹಿತ್ತಲಲ್ಲಿ ಸುಮ್ನೆ ಬಿದ್ದಿರುವ ಬೀಸುಕಲ್ಲು ಇದ್ದರೆ ಅದನ್ನೇ ಕೊಡಿ. ವೇದಿಕೆಗೆ ಇನ್ನೂ ಆರು ಕಲ್ಲು ಬೇಕು. ಗೂಟ ಮುರಿದಿದ್ದರೂ ನಡೆಯುತ್ತದೆ, ನಮ್ಮಲ್ಲಿ ಬಡಗಿ ಇದ್ದಾರೆ.

ಇಂತಿ,
ಶಾಲೆಯ ಟ್ರಸ್ಟಿಗಳು ಮತ್ತು ಶಿಕ್ಷಕರು, ಬೀದರ