‘ನಗಿಸಿದವರು ಅಳಿಸಿ ಹೋದರು’: ಈ ತಲೆಬರಹ ಇನ್ನು ಸಾಕು

ಮಾನ್ಯರೇ,

ಹಾಸ್ಯನಟರು ಯಾರಾದರೂ ತೀರಿಕೊಂಡರೆ ಮರುದಿನದ ತಲೆಬರಹ ಏನಿರುತ್ತದೆ ಅಂತ ಪೇಪರ್ ಬಿಡಿಸುವ ಮೊದಲೇ ಹೇಳಬಹುದು. ‘ನಗಿಸಿದವರು ಅಳಿಸಿ ಹೋದರು.’ ಹೆಸರು ಮಾತ್ರ ಬೇರೆ. 2025ರ ಅಕ್ಟೋಬರ್ 25ರಂದು ಹಿಂದಿ ಹಾಸ್ಯನಟ ಸತೀಶ್ ಶಾ ತಮ್ಮ 74ನೇ ವಯಸ್ಸಿನಲ್ಲಿ ಹೋದಾಗಲೂ ಇದೇ ಧಾಟಿಯ ಬರಹಗಳನ್ನು ಸಾಕಷ್ಟು ಓದಿದೆ. ನಗಿಸಿದರು, ಸರಿ. ಹೇಗೆ ನಗಿಸಿದರು ಅಂತ ಬರೆದವರು ಕಡಿಮೆ.

1984ರಲ್ಲಿ ದೂರದರ್ಶನದಲ್ಲಿ ‘ಯೇ ಜೋ ಹೈ ಜಿಂದಗಿ’ ಅನ್ನೋ ಹಿಂದಿ ಹಾಸ್ಯ ಧಾರಾವಾಹಿ ಶುರುವಾಯಿತು. ಗಂಡ ಹೆಂಡತಿಯಾಗಿ ಶಫಿ ಇನಾಂದಾರ್, ಸ್ವರೂಪ್ ಸಂಪತ್. ಹೆಂಡತಿಯ ತಮ್ಮನಾಗಿ ರಾಕೇಶ್ ಬೇಡಿ. ಇವರೆಲ್ಲ ವಾರವಾರವೂ ಅವರೇ. ಸತೀಶ್ ಶಾ ಮಾತ್ರ ಪ್ರತಿ ಕಂತಿಗೂ ಹೊಸ ಆಸಾಮಿ. ಹೀಗೆ 50ಕ್ಕೂ ಜಾಸ್ತಿ ಪಾತ್ರ ಮಾಡಿದರು. ನಮಗೆ ಬರುತ್ತಿದ್ದದ್ದು ಅರೆಬರೆ ಹಿಂದಿ. ಅಮ್ಮನಿಗೆ ಅದೂ ಇಲ್ಲ. ಆದರೂ ‘ಇವತ್ತು ಏನಾಗಿ ಬರ್ತಾನೆ ನೋಡೋಣ’ ಅಂತ ಒಲೆ ಆರಿಸಿ ಬಂದು ಕೂರುತ್ತಿದ್ದರು. ಅವನು ಬಾಗಿಲಲ್ಲಿ ನಿಂತ ಕೂಡಲೇ ನಗು. ಮಾತು ಇನ್ನೂ ಶುರುವೇ ಆಗಿರುತ್ತಿರಲಿಲ್ಲ! ಭಾಷೆ ಬಾರದವರನ್ನು ಬರೀ ಮಾತಿನಿಂದ ನಗಿಸೋಕೆ ಆಗುತ್ತಾ? ನಿಲ್ಲುವ ಭಂಗಿ, ಕತ್ತು ತಿರುಗಿಸುವ ರೀತಿ, ಕಣ್ಣು, ಇವೆಲ್ಲ ಮೊದಲೇ ಕೆಲಸ ಮುಗಿಸಿರುತ್ತಿದ್ದವು. ಅವರು ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್‌ನಲ್ಲಿ ಕಲಿತು ಬಂದವರು. ಸುಮ್ನೆ ಹುಟ್ಟುಗುಣ ಅಂದುಬಿಟ್ಟರೆ ಆ ಕಲಿಕೆಗೆ ಬೆಲೆ ಎಲ್ಲಿ?

ಅದಕ್ಕೂ ಹಿಂದಿನ ವರ್ಷ, 1983ರಲ್ಲಿ, ಕುಂದನ್ ಶಾ ನಿರ್ದೇಶನದ ‘ಜಾನೇ ಭಿ ದೋ ಯಾರೋ’ ಸಿನಿಮಾ ಬಂದಿತ್ತು. ಅದರಲ್ಲಿ ಸತೀಶ್ ಶಾ ಲಂಚಕೋರ ಮುನ್ಸಿಪಲ್ ಕಮಿಷನರ್ ಡಿಮೆಲ್ಲೊ. ಆ ಮನುಷ್ಯ ಬೇಗ ಸಾಯುತ್ತಾನೆ. ಆಮೇಲೆ ಅವನ ಹೆಣದ್ದೇ ಕಾರುಬಾರು. ಕುಡಿದು ತೂರಾಡುವ ಓಂ ಪುರಿ ಶವಪೆಟ್ಟಿಗೆಯನ್ನು ಕಾರು ಅಂದುಕೊಳ್ಳುತ್ತಾರೆ. ಕೆಟ್ಟು ನಿಂತಿದೆ ಪಾಪ ಅಂತ ತಮ್ಮ ಗಾಡಿಗೆ ಕಟ್ಟಿ ಎಳೆದುಕೊಂಡು ಹೋಗುತ್ತಾರೆ. ಕೊನೆಗೆ ಮಹಾಭಾರತದ ನಾಟಕ ನಡೆಯುತ್ತಿರುವ ವೇದಿಕೆಯ ಮೇಲೆ ಆ ಹೆಣವೇ ದ್ರೌಪದಿ!

ಹೆಣದ ಪಾತ್ರಕ್ಕೆ ನಟನೆ ಯಾಕೆ ಬೇಕು ಅನ್ನುವವರು ಒಮ್ಮೆ ಮಾಡಿ ನೋಡಲಿ. ಸುತ್ತಲೂ ಅಷ್ಟೂ ಜನ ಕೂಗುತ್ತಾರೆ, ಎಳೆಯುತ್ತಾರೆ, ನೂಕುತ್ತಾರೆ. ನೋಡುವವರಿಗೇ ನಗು ತಡೆಯೋಕೆ ಆಗಲ್ಲ. ಅವರು ಮಾತ್ರ ತುಟಿ ಅಲ್ಲಾಡಿಸುವಂತಿಲ್ಲ. ಎಳೆದ ಕಡೆ ವಾಲಬೇಕು, ಆದರೆ ತಾನಾಗಿ ವಾಲಿದ ಹಾಗೆ ಕಾಣಬಾರದು. ಹೀಗೆ ಏನೂ ಮಾಡದೆ ಇರೋದು ಎಷ್ಟು ಕಷ್ಟ ಅಂತ ನನಗೆ ಗೊತ್ತಾಗಿದ್ದು ಮೂರನೇ ಸಲ ನೋಡಿದಾಗ.

ದೊಡ್ಡ ಹಿಂದಿ ಸಿನಿಮಾಗಳು ಅವರನ್ನು ಅಷ್ಟು ಚೆನ್ನಾಗಿ ಬಳಸಿಕೊಳ್ಳಲಿಲ್ಲ. ‘ಮೈ ಹೂ ನಾ’ದಲ್ಲಿ ಎಂಜಲು ಸಿಡಿಸುತ್ತಾ ಮಾತಾಡುವ ಪ್ರೊಫೆಸರ್ ಪಾತ್ರ ಎಲ್ಲರಿಗೂ ನೆನಪಿದೆ. ನನಗೆ ಮಾತ್ರ ಅದು ಅವರ ಯೋಗ್ಯತೆಗೆ ತೀರಾ ಸಣ್ಣದು ಅನ್ನಿಸಿತ್ತು. ಟಿವಿಯೇ ಅವರ ಕೈ ಹಿಡಿದದ್ದು. 2004ರಲ್ಲಿ ಬಂದ ‘ಸಾರಾಭಾಯಿ ವರ್ಸಸ್ ಸಾರಾಭಾಯಿ’ಯ ಇಂದ್ರವದನ್ ನೋಡಿ. ಹೆಂಡತಿ ಮಾಯಾಗೂ ಸೊಸೆ ಮೊನಿಷಾಗೂ ನಡುವೆ ಒಂದು ಕಿಡಿ ಹಾಕಿ, ಏನೂ ಗೊತ್ತಿಲ್ಲದವರ ಹಾಗೆ ಕೂತುಬಿಡುತ್ತಾರೆ. ಆ ಕೂತಿರುವ ಮುಖವೇ ದೃಶ್ಯ. ಆಗ ಅದಕ್ಕೆ ಟಿಆರ್‌ಪಿ ಸಿಗಲಿಲ್ಲ. ಜನ ನಿಧಾನಕ್ಕೆ ಹುಡುಕಿಕೊಂಡು ನೋಡಿದರು. 2017ರಲ್ಲಿ ಎರಡನೇ ಸರಣಿಯೂ ಬಂತು.

ನಮ್ಮ ನರಸಿಂಹರಾಜು ಅವರನ್ನೂ ‘ಹಾಸ್ಯ ಚಕ್ರವರ್ತಿ’ ಎಂಬ ಬಿರುದಿನಲ್ಲಿ ಸುತ್ತಿ ಅಟ್ಟಕ್ಕೆ ಹಾಕಿದ್ದೇವೆ ಅಲ್ವಾ? ಬಿರುದು ಕೊಟ್ಟಾದ ಮೇಲೆ ಅಭಿನಯದ ಬಗ್ಗೆ ಮಾತಾಡುವ ಕೆಲಸ ಮುಗಿಯಿತು ಅಂದುಕೊಳ್ಳುತ್ತೇವೆ. ಗಂಭೀರ ನಟರ ಬಗ್ಗೆಯಾದರೆ ಪುಟಗಟ್ಟಲೆ ವಿಮರ್ಶೆ ಇರುತ್ತದೆ.

ಇನ್ನೊಮ್ಮೆ ಇಂಥ ಸುದ್ದಿ ಬಂದಾಗ ಸಿನಿಮಾಗಳ ಪಟ್ಟಿಯನ್ನು ಅರ್ಧಕ್ಕೆ ಇಳಿಸಿ. ಆ ಜಾಗದಲ್ಲಿ ಒಂದೇ ಒಂದು ದೃಶ್ಯವನ್ನು ಬಿಡಿಸಿ ಬರೆಸಿ. ಬರೆಯುವವರು ಅದನ್ನು ಎರಡು ಸಲವಾದರೂ ನೋಡಿರಲಿ.

ಇಂತಿ,
ನಿಮ್ಮ ಹಳೆಯ ಓದುಗ