ಮೀಟರ್ ಬೋರ್ಡ್ ಬದಲಿಸುವ ಮುನ್ನ ಅರ್ಥ್ ನೋಡಿ

ಎಲ್ಲ ಚಾಲಕರು ಮತ್ತು ಮೆಕ್ಯಾನಿಕ್‌ಗಳ ಗಮನಕ್ಕೆ,

ಮಳೆ ಹಿಡಿದ ಮೇಲೆ ಲಾರಿಗಳ ಡಿಸ್‌ಪ್ಲೇ ಮಿನುಗುತ್ತಿದೆ, ಮುಳ್ಳುಗಳು ಒಮ್ಮೆಲೇ ಸೊನ್ನೆಗೆ ಬೀಳುತ್ತಿವೆ ಎಂಬ ದೂರುಗಳು ಈ ಗುಂಪಿನಲ್ಲಿ ಹೆಚ್ಚಾಗಿವೆ. ದಯವಿಟ್ಟು ಆತುರಪಟ್ಟು ಹೊಸ ಮೀಟರ್ ಬೋರ್ಡ್ (ಸ್ಟಿಯರಿಂಗ್ ಮುಂದಿನ ಮುಳ್ಳು, ಡಿಸ್‌ಪ್ಲೇ ಇರುವ ಫಲಕ) ತರಿಸಬೇಡಿ.

ಒಂದೇ ಮುಳ್ಳು ಕೆಟ್ಟಿದ್ದರೆ ಅದರ ಸೆನ್ಸರ್, ವೈರ್ ನೋಡಿ. ಎಲ್ಲವೂ ಒಟ್ಟಿಗೆ ಸತ್ತರೆ ಫ್ಯೂಸ್, ಕರೆಂಟ್ ಬರುವ ವೈರ್, ಅರ್ಥ್ (ಕರೆಂಟ್ ಬ್ಯಾಟರಿಯ ಮೈನಸ್‌ಗೆ ಮರಳುವ ದಾರಿ) ಈ ಮೂರರಲ್ಲೇ ಸಾಮಾನ್ಯವಾಗಿ ಕಳ್ಳ ಸಿಗುತ್ತಾನೆ. ಮಲ್ಟಿಮೀಟರ್‌ನ ಒಂದು ಕಡ್ಡಿಯನ್ನು ಬ್ಯಾಟರಿಯ ಮೈನಸ್‌ಗೆ, ಇನ್ನೊಂದನ್ನು ಮೀಟರ್ ಕನೆಕ್ಟರಿನ ಅರ್ಥ್ ಪಿನ್ನಿಗೆ ಇಟ್ಟು, ಕೀ ಆನ್ ಮಾಡಿ ಹೆಡ್‌ಲೈಟ್ ಹಾಕಿ. 0.2 ವೋಲ್ಟ್‌ಗಿಂತ ಹೆಚ್ಚು ತೋರಿಸಿದರೆ ಅರ್ಥ್ ಬೋಲ್ಟ್ ಬಿಚ್ಚಿ, ತುಕ್ಕು, ಬಣ್ಣ ಕೆರೆದು ಮತ್ತೆ ಬಿಗಿ ಮಾಡಿ. ಕಣ್ಣಿಗೆ ಚೆನ್ನಾಗಿ ಕಂಡರೆ ಸಾಲದು, ಅಳೆಯಲೇಬೇಕು. ಪಿನ್ನುಗಳಲ್ಲಿ ಹಸಿರು ಕಿಲುಬು ಇದ್ದರೆ ಕಾಂಟ್ಯಾಕ್ಟ್ ಕ್ಲೀನರ್ ಸಾಕು. ಉಪ್ಪು ಕಾಗದದಿಂದ ಉಜ್ಜಿದರೆ ಮೇಲಿನ ಲೇಪವೇ ಹೋಗುತ್ತದೆ.

ಬೆಳಕಿದೆ, ಆದರೆ ವೇಗ, ಆರ್‌ಪಿಎಂ, ಎಂಜಿನ್ ಬಿಸಿಯ ಜಾಗದಲ್ಲಿ ಬರೀ ಗೀಟುಗಳಿವೆ ಎಂದರೆ ಕ್ಯಾನ್ ಲೈನ್ (CAN, ಎಂಜಿನ್ ಕಂಪ್ಯೂಟರಿನಿಂದ ಮೀಟರಿಗೆ ಮಾಹಿತಿ ತರುವ ಎರಡು ವೈರ್‌ಗಳ ಜೋಡಿ, ಎರಡೂ ತುದಿಯಲ್ಲಿ ಒಂದೊಂದು ರೆಸಿಸ್ಟರ್ ಇರುತ್ತದೆ) ಮೇಲೆ ಅನುಮಾನಪಡಿ. ಬ್ಯಾಟರಿ ಕಳಚಿ ಆ ಎರಡು ವೈರ್‌ಗಳ ನಡುವೆ ಅಳೆದರೆ ಸುಮಾರು 60 ಓಮ್ ಬರಬೇಕು. 120 ಬಂದರೆ ಒಂದು ತುದಿಯ ರೆಸಿಸ್ಟರ್ ಅಥವಾ ವೈರ್ ಕಡಿದಿದೆ. ಸೊನ್ನೆಯ ಹತ್ತಿರವಿದ್ದರೆ ಎರಡೂ ವೈರ್ ತಾಗಿಕೊಂಡಿವೆ.

ಬ್ರೇಕಿನ ಗಾಳಿ ಒತ್ತಡ ಕಾಣಿಸದಿದ್ದರೆ ಗಾಡಿ ಹೊರಡಿಸಬೇಡಿ, ಲೋಡ್ ಎಷ್ಟೇ ತುರ್ತಿರಲಿ. ಚಾಸಿಗೆ ವೆಲ್ಡಿಂಗ್ ಮಾಡಿಸುವಾಗ ಬ್ಯಾಟರಿ ಕಳಚಿಸಿ.

ಸಹಾಯ ಕೇಳುವವರು ಮಾಡೆಲ್, ವರ್ಷ, ಅಳೆದ ವೋಲ್ಟೇಜ್ ಬರೆಯಿರಿ. ‘ಡಿಸ್‌ಪ್ಲೇ ಹೋಯಿತು’ ಎಂಬ ಧ್ವನಿ ಸಂದೇಶಕ್ಕೆ ಇಲ್ಲಿ ಯಾರೂ ಉತ್ತರಿಸಲಾರರು.